ತಿರುಗಿ ಬಂದ ಎರಡು ಬಾಂಬು

ಭಾನುವಾರ, ಮಧ್ಯಾಹ್ನ
ವಿಮಾನದ ಶೆಡ್ಡಿನಿಂದ

ಪ್ರೀತಿಯ ಅಕ್ಕನಿಗೆ,

ನಿನ್ನ ತಮ್ಮನ ನಮಸ್ಕಾರ. ಕಾಗದ ತಡವಾಯಿತು, ಬೈಯಬೇಡ. ಭಾವನೇ ಯಾಕೆ ಬರೆಯಲಿಲ್ಲ ಎಂದು ಕೇಳುತ್ತೀಯ, ಗೊತ್ತು. ಅವರ ಕೈಗೆ ಸ್ವಲ್ಪ ಪೆಟ್ಟಾಗಿದೆ, ಅದಕ್ಕೇ ನಾನು ಬರೆಯಲು ಕೂತೆ.

ಅವರು ಹಾರಿಸುವ ವಿಮಾನವನ್ನು ನೀನೊಮ್ಮೆ ನೋಡಬೇಕಕ್ಕ. ರೆಕ್ಕೆಯಡಿ ಬಾಂಬು ಕಟ್ಟಿಕೊಂಡು ಹೊರಟಾಗ ಬಸುರಿಯ ಹಾಗೆ ನಿಧಾನ. ಅವನ್ನು ಹಾಕಿ ಹಗುರಾಯಿತೋ, ಹಿಡಿಯುವವರಿಲ್ಲ. ಆಕಾಶದಲ್ಲಿ ಯಾರ ಜೊತೆ ಬೇಕಾದರೂ ಕಾದಾಡುತ್ತದೆ. ಒಂದೇ ಮೈ, ಎರಡು ಕೆಲಸ. ಥೇಟ್ ನಿನ್ನ ಹಾಗೆ ಎಂದು ಭಾವ ನಗುತ್ತಾರೆ. "ಇರೋದು ಒಂದೇ ಸೀಟು ಕಣೋ, ಇಲ್ದಿದ್ರೆ ನಿಮ್ಮಕ್ಕನ್ನೂ ಕೂರಿಸ್ಕೊಂಡು ಹೋಗ್ತಿದ್ದೆ" ಎನ್ನುತ್ತಾರೆ.

ಬಾಂಬು ಏರಿಸುವುದು ನನ್ನ ಪಾಲಿನ ಕೆಲಸ. ಹೊರಡುವ ಮುನ್ನ, ಬಾಂಬು ಸಿಡಿಯದಂತೆ ತಡೆಯುವ ಪಿನ್ನುಗಳನ್ನು ಕಿತ್ತು, ಅವುಗಳ ಕೆಂಪು ಪಟ್ಟಿ ಕಾಣುವಂತೆ ಕೈಯೆತ್ತಿ ತೋರಿಸಬೇಕು. ಭಾವ ತಲೆಯಾಡಿಸಿದ ಮೇಲೇ ವಿಮಾನ ಕದಲುವುದು. ಬಾಂಬು ಹಾಕಿ ಬಂದರೆ ಆ ಪಿನ್ನುಗಳಿಗೆ ಮತ್ತೆ ಕೆಲಸವಿಲ್ಲ. ಗುರುವಾರ ಮಾತ್ರ ಅವನ್ನು ತಿರುಗಿ ಚುಚ್ಚಬೇಕಾಯಿತು.

ದಾರಿಯಲ್ಲೇ ಶತ್ರು ವಿಮಾನಗಳು ಬೆನ್ನು ಹತ್ತಿದವಂತೆ. ಅಂಥ ಹೊತ್ತಲ್ಲಿ ಬಾಂಬು ಕಳಚಿ ಎಸೆದು ಕಾದಾಡಬೇಕು, ಕಲಿಸುವುದೇ ಹಾಗೆ. ಭಾವ ಎಸೆಯಲಿಲ್ಲ. ಕೆಳಗೆ ಊರಿತ್ತು. ಊರು ದಾಟುವಷ್ಟರಲ್ಲಿ ಏಟು ಬಿದ್ದು ಕಳಚುವ ಸ್ವಿಚ್ಚೇ ಕೆಟ್ಟಿತು. ಆ ಭಾರ ಹೊತ್ತುಕೊಂಡೇ ಮೋಡದೊಳಗೆ ನುಗ್ಗಿ ತಪ್ಪಿಸಿಕೊಂಡು ಬಂದರು. ಮೈಯೆಲ್ಲ ತೂತಾಗಿದ್ದರೂ ವಿಮಾನ ಅವರ ಕೈಬಿಡಲಿಲ್ಲ ನೋಡು.

ಇಳಿದಾಗ ಮುಂದಿನ ಗಾಜು ಪುಡಿಪುಡಿ. ನಮ್ಮ ದೊಡ್ಡ ಸಾಹೇಬರು "ಇದನ್ನೇನಾ ನಿಮಗೆ ಕಲಿಸಿದ್ದು?" ಎಂದು ಗದರಿದರು, ಆಮೇಲೆ ತಾವೇ ಸ್ಟ್ರೆಚರಿಗೆ ಕೈಕೊಟ್ಟರು. ನನಗೆ ತಡೆಯಲಾಗಲಿಲ್ಲ. "ಕೆಳಗಿದ್ದದ್ದು ನಮ್ಮೂರಾ, ಅವರೂರಾ ಭಾವ?" ಎಂದೆ.

"ನೋಡ್ಲಿಲ್ಲ ಕಣೋ. ಬಟ್ಟೆ ಒಣಹಾಕಿದ್ರು" ಎಂದರು.

ನನಗೆ ಎದೆ ಉಬ್ಬಿ ಬಂತಕ್ಕ. ಅಂಥ ವಿಮಾನಕ್ಕೆ ಇಂಥವರೇ ಸರಿ. ಮಕ್ಕಳಿಗೆ ಮುತ್ತು ಕೊಡು, ನನ್ನನ್ನು ಹರಸು.

ನಿನ್ನ ಮೊಂಡ ತಮ್ಮ

ತಾ.ಕ.: ಕೈಗೆ ಏನೂ ಆಗಿಲ್ಲಕ್ಕ. ಗಾಜು ಸಿಡಿದದ್ದು ಕಣ್ಣಿಗೆ. ಬಲಗಣ್ಣು ಹೋಯಿತು. ಇನ್ನೊಂದರಲ್ಲೇ ನೋಡಿಕೊಂಡು ಇಳಿಸಿದರು. ಈಗ ಅದಕ್ಕೂ ಕಟ್ಟು ಹಾಕಿದ್ದಾರೆ, ಉಳಿಯುತ್ತದೋ ಇಲ್ಲವೋ ಡಾಕ್ಟರಿಗೂ ತಿಳಿಯದು. ಇನ್ನು ಹಾರುವುದಂತೂ ಇಲ್ಲ. ಬೇಗ ಹೊರಟು ಬಾ. ಆಸ್ಪತ್ರೆ ಬಾಗಿಲಲ್ಲಿ ಸುಮ್ಮನೆ ನಿಂತು ಅಳಬೇಡ, ಮಾತಾಡಿಕೊಂಡೇ ಒಳಗೆ ಬಾ. ಯಾರ ಹೆಜ್ಜೆ ಸಪ್ಪಳ ಕೇಳಿದರೂ ನೀನೇ ಎಂದುಕೊಂಡು ಎದ್ದು ಕೂರುತ್ತಾರೆ.