ಏಳನೆಯ ಬಾಗಿಲು

ಶೇಡಬಾಳ, ೯-೩-೨೦೧೪

ವಿಕ್ರಾಂತಣ್ಣನಿಗೆ ನಮಸ್ಕಾರ.

ನಮ್ಮ ಸಮಾಧಾನಣ್ಣನಿಗೆ ನೀವು ನಿಮ್ಮ ನಿಪ್ಪಾಣಿಯ ಅಂಗಡಿಯಲ್ಲಿ ಆಟಗಳ ಚಿಪ್ ಹಾಕಿಕೊಟ್ಟಿದ್ದ ವಿಡಿಯೊ ಗೇಮನ್ನು ರಿಪೇರಿಗೆ ಕಳಿಸಿದ್ದೇನೆ. ಅವನು ತೀರಿಕೊಂಡಾಗಿನಿಂದ ಅದು ಅವನ ಫೋಟೋದ ಮುಂದಿತ್ತು. ಆ ಗುಹೆಯ ಆಟದಲ್ಲಿ ಒಮ್ಮೆ ಸತ್ತರೆ ಮತ್ತೆ ಮೊದಲಿನಿಂದಲೇ ಆಡಬೇಕಲ್ಲ, ಅಣ್ಣ ಏಳನೆಯ ಬಾಗಿಲಿನವರೆಗೆ ಹೋಗಿ ಸೇವ್ ಮಾಡಿ ನಿಲ್ಲಿಸಿದ್ದ. ಅವ್ವ ದಿನಾ ಹಚ್ಚಿ, "ನನ್ನ ಮಗ ಇಲ್ಲೀತನಕ ಬಂದಾನ" ಎಂದು ನೋಡುತ್ತಿದ್ದಳು. ಯಾರಿಗೂ ಬಟನ್ ಒತ್ತಲು ಬಿಡುತ್ತಿರಲಿಲ್ಲ.

ಮೊನ್ನೆ ಫೋಟೋಕ್ಕೆ ಇಡುವ ಚಹಾ ಅವಳ ಕೈಯಿಂದಲೇ ಅದರ ಮೇಲೆ ಚೆಲ್ಲಿತು. ಈಗ ಹತ್ತುತ್ತಿಲ್ಲ. ಅವಳು ಊಟ ಬಿಟ್ಟಿದ್ದಾಳೆ.

ಅಣ್ಣನ ಆಟ ಉಳಿದಿದ್ದರೆ ಇನ್ನೊಂದು ಕಡೆ ಕಾಪಿ ಮಾಡಿಡಿರಿ. ಅಳಿಸಿಹೋಗಿದ್ದರೆ ನೀವೇ ಅಲ್ಲಿಯವರೆಗೆ ಆಡಿ, ಏಳನೆಯ ಬಾಗಿಲ ಮುಂದೆ ನಿಲ್ಲಿಸಿ ಕಳಿಸಿರಿ. ಯಾವುದಾಯಿತೆಂದು ನನಗೂ ಹೇಳಬೇಡಿರಿ.

ನಿಮ್ಮ ತಂಗಿ,
ಸ್ನೇಹಲ