ಭಾನುವಾರದ ಅರ್ಜಿ

ಹದಿನೇಳನೆಯ ತಾರೀಖು, ಗುರುವಾರ
ಅಂಗಡಿಯಿಂದ

ನನ್ನ ಚಿನಕುರುಳಿ,

ನಿನ್ನ ಕಾಗದ ಬಂದು ಮೂರು ವಾರವಾಯಿತು. ಉತ್ತರ ತಡವಾಯಿತೆಂದು ಬೈಯಬೇಡ. ಕೋರ್ಟಿನ ತಾರೀಖು ಮುಗಿಯಲಿ ಎಂದು ಕಾದೆ. ಮೊನ್ನೆ ಮುಗಿಯಿತು. ನಾನು ಗುಂಡುಕಲ್ಲಿನ ಹಾಗಿದ್ದೇನೆ. ಶೂ ಹೊಲಿದು ಹೊಲಿದು ಬೆನ್ನು ಬಾಗಿದೆ, ಬಾಯಿ ಮಾತ್ರ ಹಾಗೇ ಇದೆ.

ನಿನಗೆ ಮೂರು ವರ್ಷವಿದ್ದಾಗ ನಿನ್ನಮ್ಮ ಬೇರೆ ಹೋದಳಲ್ಲ, ನಿನ್ನನ್ನು ನೋಡಲು ಬಿಡಿ ಎಂದು ಆಗ ಹಾಕಿದ ಅರ್ಜಿ ಅದು. ನ್ಯಾಯಾಧೀಶರು, ಈ ಕೇಸಿಗೆ ಇವರು ಐದನೆಯವರು, ಫೈಲು ತಿರುವಿ "ಮಗುವಿಗೆ ಈಗ ಎಷ್ಟು ವಯಸ್ಸು?" ಎಂದರು. "ಹದಿನೆಂಟು ತುಂಬ್ತು ಸ್ವಾಮಿ" ಎಂದೆ. "ಮತ್ತೆ ಭಾನುವಾರ ಭಾನುವಾರ ಮಗಳನ್ನ ನೋಡೋಕೆ ನನ್ನ ಅಪ್ಪಣೆ ಯಾಕ್ರೀ? ಬರ್ಬೇಕು ಅನ್ನಿಸಿದ್ರೆ ಅವಳೇ ಬರ್ತಾಳೆ." ಅರ್ಜಿ ಇನ್ನು ಅನಗತ್ಯ ಎಂದು ಒಂದೇ ಸಾಲು ಬರೆಸಿ ಮುಗಿಸಿಬಿಟ್ಟರು. ಹದಿನೈದು ವರ್ಷದ ಕೇಸು, ಒಂದು ಲೋಟ ಕಾಫಿ ಕುಡಿಯುವಷ್ಟು ಹೊತ್ತೂ ಹಿಡಿಯಲಿಲ್ಲ! "ನಾವು ಗೆಲ್ಲಲಿಲ್ಲ, ಮಗಳೇ ಬೆಳೆದು ಗೆಲ್ಸಿದ್ಲು ಬಿಡಿ" ಎಂದು ವಕೀಲರು ನಕ್ಕರು. ಕೇಸು ಹಾಕಿದಾಗ ಅವರಿಗೆ ತಲೆ ತುಂಬ ಕೂದಲಿತ್ತು.

ಬಾ ಮಗಳೇ, ಈ ಭಾನುವಾರವೇ ಬಾ. ಅಂಗಡಿಯ ಮೇಲಿನ ಕೋಣೆ ಗುಡಿಸಿ, ಕಿಟಕಿಗೆ ಹಸಿರು ಬಣ್ಣ ಬಳಿದಿದ್ದೇನೆ. ಅಳತೆ ತೆಗೆದು ನಿನಗೊಂದು ಜೋಡಿ ಶೂ ಹೊಲಿಯುತ್ತೇನೆ. ಹತ್ತು ವರ್ಷದೊಳಗೆ ಹರಿದರೆ ನನ್ನ ಹೆಸರು ಬದಲಿಸು.

"ಅಮ್ಮ ಬೇಕೂಂತ್ಲೇ ನನ್ನನ್ನ ನಿಮ್ಮ ಹತ್ರ ಕರ್ಕೊಂಡು ಬರ್ಲಿಲ್ಲ ಅಲ್ವಾ ಅಪ್ಪಾ? ಬಂದಿದ್ವಿ ಅಂತ ಸುಳ್ಳು ಹೇಳ್ತಾಳೆ. ಬೀರುವಿನಲ್ಲಿದ್ದ ಕೋರ್ಟಿನ ಕಾಗದ ಓದಿದ್ಮೇಲೆ ಅವಳ ಜತೆ ಮಾತೇ ಬಿಟ್ಟಿದ್ದೀನಿ" ಎಂದು ಬರೆದಿದ್ದೀಯ. ಹಳೆಯ ಕಥೆ ಬಿಡು. ಹೆತ್ತವಳ ಜತೆ ಟೂ ಬಿಡುವ ವಯಸ್ಸೇ ಇದು?

ಹೊಟ್ಟೆತುಂಬ ಉಣ್ಣು, ನಗುನಗುತ್ತ ನೂರು ಕಾಲ ಬಾಳು.

ನಿನ್ನ ಅಪ್ಪ

ತಾ.ಕ.: ಲಕೋಟೆಗೆ ಅಂಟು ಹಚ್ಚಿದವನು ಮತ್ತೆ ಬಿಚ್ಚಿದೆ. ನಿನ್ನಮ್ಮ ಕರೆತಂದಿದ್ದಳು. ಕೇಸು ಮುಗಿಯುವವರೆಗೆ ಭಾನುವಾರ ಮಗುವನ್ನು ತೋರಿಸಿ ಎಂದು ಕೋರ್ಟು ಹೇಳಿದ ಮೇಲಿನ ಮೊದಲ ಭಾನುವಾರ, ಅವರು ಹೇಳಿದ ಕೋಣೆಗೆ, ಹೇಳಿದ ಹೊತ್ತಿಗೆ. ಆಗ ನಿನಗೆ ಐದು ವರ್ಷ. ನಿನ್ನನ್ನು ನೋಡಿ ಎರಡು ವರ್ಷವಾಗಿತ್ತು; ನೆನಪಿನ ಅಳತೆಯಲ್ಲೇ ಕೆಂಪು ಶೂ ಹೊಲಿದು ತಂದಿದ್ದೆ. ಬಾಗಿಲ ಸಂದಿಯಿಂದ ನೋಡಿದರೆ ನೀನು ಬೆಂಚಿನ ಮೇಲೆ ಕೂತು ಕಾಲಾಡಿಸುತ್ತಿದ್ದೆ. ಆ ಕಾಲಿಗೆ ನನ್ನ ಶೂ ಹಿಡಿಸುವಂತಿರಲಿಲ್ಲ. ಊರಿಗೆಲ್ಲ ಶೂ ಹೊಲಿಯುವವನಿಗೆ ಮಗಳ ಕಾಲೇ ಗೊತ್ತಿಲ್ಲ ಎಂದು ನಿನ್ನಮ್ಮ ಎಲ್ಲಿ ನಕ್ಕಾಳೋ ಎಂದು ನಾಚಿ, ಹಾಗೇ ಹಿಂದಿರುಗಿದೆ. ವಕೀಲರಿಗೆ "ಮಗೂನ ಕರ್ಕೊಂಡೇ ಬರ್ಲಿಲ್ಲ" ಎಂದೆ. ಅವರು ಅದನ್ನೇ ಇನ್ನೊಂದು ಅರ್ಜಿ ಮಾಡಿದರು. ಆ ಸುಳ್ಳಿಗೆ ರೋಸಿ ಆಕೆ ಮತ್ತೆ ಕರೆತರಲಿಲ್ಲ. ಅವಳ ಜಾಗದಲ್ಲಿ ನಾನಿದ್ದರೂ ಕರೆತರುತ್ತಿರಲಿಲ್ಲ. ಈಗ ಕೋರ್ಟಿನಲ್ಲಿ ಒಪ್ಪಿಕೊಳ್ಳೋಣವೆಂದರೆ ಅರ್ಜಿಯೇ ಇಲ್ಲ. ಅದಕ್ಕೇ ನಿನಗೆ ಹೇಳುತ್ತಿದ್ದೇನೆ.

ಮೊದಲು ಅಮ್ಮನನ್ನು ಮಾತಾಡಿಸು. ಆಮೇಲೆ ಮನಸ್ಸು ಬಂದರೆ ಬಾ. ಈ ಭಾನುವಾರವೇ ಆಗಬೇಕೆಂದಿಲ್ಲ.