ಬಾಲವಿಲ್ಲದ ಕೆಂಪಿ

ಬೈಕುಲ್ಲಾ, ಮುಂಬಯಿ
೧೪ ನವೆಂಬರ್ ೧೯೫೬

ಪ್ರೀತಿಯ ನಿಮಗೆ, ಚಂಪಾ ಮಾಡುವ ನಮಸ್ಕಾರಗಳು.

ಹೇಗಿದ್ದೀರಿ? ಹಡಗಿನ ಅಡಿಗೆಮನೆಯ ಸೆಕೆಗೆ ಮತ್ತೆ ಬೆನ್ನ ತುಂಬ ಬೊಕ್ಕೆ ಎದ್ದಿಲ್ಲ ತಾನೆ? ಎಲ್ಲರಿಗೂ ಬಿಸಿಬಿಸಿ ಬಡಿಸಿ ನೀವು ಮಾತ್ರ ತಣ್ಣನೆಯ ಅನ್ನ ಉಣ್ಣುವ ಅಭ್ಯಾಸ ಬಿಡಿ. ನನ್ನ ಮೈ ಚೆನ್ನಾಗಿದೆ, ಮನಸ್ಸು ಚೆನ್ನಾಗಿಲ್ಲ. ನಿಮ್ಮ ಹಡಗು ಸಿಂಗಾಪುರ ಮುಟ್ಟುವ ಮೊದಲೇ ಈ ಪತ್ರ ಅಲ್ಲಿನ ಏಜೆಂಟರ ಕಚೇರಿ ಮುಟ್ಟಲಿ ಎಂದು ದೇವರಿಗೆ ಕೈಮುಗಿದು ಬರೆಯುತ್ತಿದ್ದೇನೆ. ಕೆಂಪಿ ಒಂಟಿಯಾಗಿ ಅಳುತ್ತಾಳೆ, ಜೊತೆಗೆ ಇನ್ನೊಂದು ಮರಿ ತನ್ನಿ ಎಂದು ಹಿಂದಿನ ಪತ್ರದಲ್ಲಿ ಕೇಳಿದ್ದೆನಲ್ಲ, ಯಾಕಾದರೂ ಕೇಳಿದೆನೋ ಎನಿಸುತ್ತಿದೆ.

ಹೋದ ಸಲ ಬಂದಾಗ ಅವಳನ್ನು ನನ್ನ ಮಡಿಲಿಗೆ ಹಾಕಿ, "ಮಂಗನ ಮರಿ, ಮಾರಿದವನೇ ಬಾಲ ಕಡಿದಿರ್ಬೇಕು" ಅಂದಿರಿ. ನಾನೂ ನಂಬಿದೆ. ಗಾಯ ಮಾಯಲಿ ಎಂದು ತೆಂಗಿನೆಣ್ಣೆಯಲ್ಲಿ ಅರಸಿನ ಕಲಸಿ ದಿನಾ ಹಚ್ಚಿದೆ. ಗಾಯ ಇದೆಯೋ ಇಲ್ಲವೋ ಎಂದು ಮಾತ್ರ ನೋಡಲೇ ಇಲ್ಲ! ಶನಿವಾರ ಬಂತೆಂದರೆ ಚಾಳಿನವರೆಲ್ಲ ಬಾಳೆಹಣ್ಣು, ಸಿಂಧೂರ ಹಿಡಿದು ಬರುತ್ತಿದ್ದರು. ಪಕ್ಕದ ಖೋಲಿಯ ಸೇವಂತಿಯಂತೂ "ಹನುಮಂತನ ಬಾಲ ಕಡಿದವನ ಕೈ ಸೇದಿ ಹೋಗ್ಲಿ ಮಾರಾಯ್ತಿ" ಎಂದು ಕಣ್ಣೊರೆಸಿಕೊಳ್ಳುತ್ತಿದ್ದಳು. ಈ ಭಕ್ತಿಯೆಲ್ಲ ಹಗಲಿಗೆ. ಕತ್ತಲಾದರೆ ನಾನು ಅವಳನ್ನು ಗ್ಯಾಲರಿಯ ಕಂಬಿಗೆ ಕಟ್ಟಿ ಬಾಗಿಲು ಹಾಕಿಕೊಳ್ಳುತ್ತಿದ್ದೆ. ಇಷ್ಟು ದೊಡ್ಡ ಮಂಗ ಮರದಿಂದ ಮರಕ್ಕೆ ಹಾರಿಕೊಂಡಿರುತ್ತದೆ, ಇವಳಿಗೆ ಮಾತ್ರ ಯಾಕೆ ಸದಾ ನನ್ನ ಸೊಂಟದ ಮೇಲೆ ಸವಾರಿ ಎಂದು ಸಿಟ್ಟು ಬರುತ್ತಿತ್ತು. ಬಾಗಿಲು ಕೆರೆದು ಕೆರೆದು, ಕೊನೆಗೆ ಒಂದು ಗೋಣಿಚೀಲ ತಬ್ಬಿ ಮಲಗುವುದನ್ನು ಕಲಿತಳು. ತೊಳೆಯೋಣವೆಂದು ಆ ಚೀಲ ಎಳೆದರೆ ಬಿಡಬೇಕಲ್ಲ! ನಾನೂ ಸೇವಂತಿಯೂ ಸೇರಿ ಎಳೆದು ಎಳೆದು, ಸೋತು, ನಕ್ಕು ಸುಮ್ಮನಾದೆವು.

ಮೊನ್ನೆ ಮೇಲಿನ ಮಹಡಿಗೆ ಮೈಸೂರು ಕಡೆಯ ತಿರುಮಲೇಶ ಎಂಬವರು ಬಂದರು, ಕಾಲೇಜಿನಲ್ಲಿ ಪ್ರಾಣಿಶಾಸ್ತ್ರದ ಮೇಷ್ಟ್ರು. ನನ್ನ ಅರಸಿನದ ಉಪಚಾರ ನೋಡಿ, "ಅಲ್ಲಮ್ಮ, ಬಾಲ ಇದ್ರೆ ತಾನೆ ಕಡಿಯೋದು? ಇದು ಕೋತಿ ಅಲ್ಲ, ಒರಾಂಗುಟಾನ್" ಎಂದರು. ಹುಟ್ಟಿನಿಂದಲೇ ಬಾಲವಿಲ್ಲದವುಗಳದ್ದು ಬೇರೆಯೇ ಗುಂಪಂತೆ. ಆಫ್ರಿಕದ ಗೊರಿಲ್ಲಾ, ಚಿಂಪಾಂಜಿ, ನಮ್ಮ ಕೆಂಪಿ ಮೂವರನ್ನೂ ಪಂಡಿತರು ಒಂದೇ ಕುಟುಂಬಕ್ಕೆ ಸೇರಿಸಿದ್ದಾರಂತೆ. ಮನುಷ್ಯರದ್ದು ಇನ್ನೊಂದು ಕುಟುಂಬ, ಆದರೆ ದೂರವೇನಲ್ಲ, ನಮ್ಮ ಚಾಳಿನ ಲೆಕ್ಕದಲ್ಲಿ ಪಕ್ಕದ ಖೋಲಿ. ನಾನು ನಗುತ್ತಲೇ ಕೇಳುತ್ತಿದ್ದೆ. ಆಮೇಲೆ ಅವರು ಅವಳ ಬಾಯಿ ತೆರೆಸಿ, "ಇನ್ನೂ ಹಾಲುಹಲ್ಲು. ಕೋತಿಮರಿ ಬೇಗ ಬೆಳೆದುಬಿಡುತ್ತೆ, ಇವು ಹಾಗಲ್ಲ, ವರ್ಷಗಟ್ಟಲೆ ತಾಯಿ ಮೈ ಬಿಡೋದಿಲ್ಲ. ಇದು ಕೂಸು ಕಣಮ್ಮ" ಎಂದರು. ನನ್ನ ನಗು ಅಲ್ಲಿಗೇ ನಿಂತಿತು. ಹಾಲುಹಲ್ಲಿನ ಕೂಸನ್ನು ಕಂಬಿಗೆ ಕಟ್ಟಿ ನಾನು ಹೊದ್ದು ಮಲಗಿದೆನಲ್ಲ! ಮಗುವಿಗಾಗಿ ಕಂಡ ಕಂಡ ದೇವರಿಗೆ ಹರಕೆ ಹೊತ್ತವಳು ನಾನು. ಬೇರೆ ಯಾರಾದರೂ ಹೀಗೆ ಮಾಡಿದ್ದರೆ ಬೈದು ಇಡೀ ಚಾಳು ಒಂದು ಮಾಡುತ್ತಿದ್ದೆ.

ಹಗ್ಗವನ್ನು ಒಲೆಗೆ ಹಾಕಿದ್ದೇನೆ. ಈಗಲೂ ಅವಳು ನನ್ನ ಕುತ್ತಿಗೆಗೆ ಜೋತು ಬಿದ್ದಿದ್ದಾಳೆ, ಅಕ್ಷರ ಸೊಟ್ಟಗಾಗಿದ್ದರೆ ಅದಕ್ಕೇ. ಬೈದರೂ ಕಟ್ಟಿದರೂ ನನ್ನನ್ನೇ ತಬ್ಬುತ್ತಾಳೆ, ತಬ್ಬಿದಷ್ಟೂ ನನಗೆ ನಾಚಿಕೆಯಾಗುತ್ತದೆ.

ಸೇವಂತಿ ನಿಮ್ಮನ್ನು ಕೇಳಿದಳು. ಜೊತೆಯ ಶೇಖರಣ್ಣನಿಗೂ ನನ್ನ ನಮಸ್ಕಾರ ಹೇಳಿ. ಸಮುದ್ರ ನಿಮ್ಮನ್ನು ಸುಖವಾಗಿ ಮನೆಗೆ ತಲುಪಿಸಲಿ.

ನಿಮ್ಮ
ಚಂಪಾ

ತಾ.ಕ.: ಅಂಚೆ ತೆಗೆಯುವ ಹೊತ್ತಾಯಿತು, ಮುಖ್ಯ ಮಾತು ಬರೆಯಲು ಈಗ ಧೈರ್ಯ ಬಂತು. ಆ ಇನ್ನೊಂದು ಮರಿಯನ್ನು ತರಬೇಡಿ. ಹೇಳಿಟ್ಟಿದ್ದರೂ ಬೇಡವೆನ್ನಿ. ಇವುಗಳನ್ನು ಹಿಡಿಯುವುದು ಹೇಗೆ ಎಂದು ಮೇಷ್ಟ್ರನ್ನು ಕೇಳಿದೆ. ಮೊದಲು ತಾಯಿಯನ್ನು ಗುಂಡು ಹೊಡೆದು ಕೆಡವುತ್ತಾರಂತೆ, ಆಮೇಲೆ ಅದರ ಮೈಯಿಂದ ಮರಿಯನ್ನು ಕೀಳುತ್ತಾರಂತೆ. ನಾನು ಕೇಳಿದೆನೆಂದು ಇನ್ನೊಬ್ಬ ತಾಯಿ ಸಾಯುವುದು ಬೇಡ. ಬರೀ ಒಂದು ಗೋಣಿಚೀಲವನ್ನು ಇವಳ ಕೈಯಿಂದ ಬಿಡಿಸಲು ನಮ್ಮಿಬ್ಬರಿಂದ ಆಗಿರಲಿಲ್ಲ.